ಮೊರಿಟಾ ಸಾಹೇಬರಿಗೂ ಫೋಲಾಕೆಗೂ ಒಂದೇ ತಟ್ಟೆ

ಕೋಲಾರದ ಹೊರಗೆ, ಬೆಟ್ಟದ ಕಡೆಗೆ ಹೋಗುವ ರಸ್ತೆಯಲ್ಲಿ ಒಂದು ರೇಷ್ಮೆ ತರಬೇತಿ ಕೇಂದ್ರವಿತ್ತು. ಅದರ ಅತಿಥಿಗೃಹದ ಅಡುಗೆಮನೆಯಲ್ಲಿ ನಾನು ಇಪ್ಪತ್ತಾರು ವರ್ಷ ಕೆಲಸ ಮಾಡಿದೆ. ಸೇರುವಾಗ ಸಹಾಯಕಿಯಾಗಿದ್ದೆ. ಬಿಡುವಾಗ ಏನಾಗಿದ್ದೆ ಅನ್ನುವುದು ಪಿಂಚಣಿ ಕಾಗದದಲ್ಲಿದೆ, ಅದನ್ನು ಇಲ್ಲಿ ಬರೆಯುವುದಿಲ್ಲ. ಈಗ ಅಡುಗೆ ಕಲಿಯುವುದಕ್ಕೂ ಕಾಲೇಜು ಬಂದಿದೆ. ಅಲ್ಲಿ ಓದುವ ನಮ್ಮೂರ ಹೆಣ್ಣುಮಕ್ಕಳು ಕೆಲವರು ಮನೆಗೆ ಬಂದು, "ಅಜ್ಜಿ, ನೀವು ಆ ಕಾಲದಲ್ಲೇ ನೈಜೀರಿಯಾ ಅಡುಗೆ, ಜಪಾನ್ ಅಡುಗೆ ಎರಡನ್ನೂ ಸೇರಿಸಿ ತಿಂಡಿ ಮಾಡ್ತಿದ್ರಂತೆ, ಹೌದಾ?" ಎಂದು ಕೇಳುತ್ತಾರೆ. ಹೌದು, ಮಾಡುತ್ತಿದ್ದೆವು. ಆದರೆ ಹೊಸದೇನಾದರೂ ಮಾಡೋಣವೆಂದು ಕೂತು ಯೋಚಿಸಿ ಮಾಡಿದ್ದಲ್ಲ. ಒಬ್ಬರು ಊಟ ಸೇರದೆ ಬಡಕಲಾಗುತ್ತಿದ್ದರು. ನಾನು ಮಾಡಬಾರದ ತಪ್ಪೊಂದನ್ನು ಮಾಡಿ ಕೂತಿದ್ದೆ. ಅದರಿಂದ ಹುಟ್ಟಿದ ತಿಂಡಿ ಅದು.

ನನ್ನ ಊರು ಹುತ್ತೂರು. ಗಂಡ ಕೃಷ್ಣಪ್ಪ, ಅತ್ತೆ ಮುನಿಯಮ್ಮ. ಮನೆಗೆ ಸೇರಿದ ಒಂದಿಷ್ಟು ರಾಗಿ ಹೊಲ, ಒಂದಿಷ್ಟು ಹಿಪ್ಪುನೇರಳೆ ತೋಟ. ಕೇಂದ್ರದಲ್ಲಿ ಮೊದಲು ನನಗೆ ಸಿಕ್ಕಿದ್ದು ಹುಳು ಸಾಕುವ ಮನೆಯ ಕೆಲಸ. ಸೊಪ್ಪು ಕತ್ತರಿಸುವುದು, ತಟ್ಟೆ ಬದಲಿಸುವುದು. ರೇಷ್ಮೆ ಹುಳುವಿಗೆ ಕೊಳಕು ಆಗದು, ವಾಸನೆ ಆಗದು. ಒಳಗೆ ಹೋಗುವ ಮೊದಲು ಮೊಣಕೈವರೆಗೂ ಕೈ ತೊಳೆಯಬೇಕು. ಹೀಗೆ ತೊಳೆಯುವುದನ್ನು ನೋಡಿದ ಹೆಡ್ ಕುಕ್ ಬಾಷಾ ಸಾಬ್ ಒಂದು ದಿನ ಮ್ಯಾನೇಜರ್ ಹತ್ತಿರ ಹೋಗಿ, "ಆ ಕೈ ನನಗೆ ಕೊಡಿ ಸಾರ್" ಎಂದು ಕೇಳಿ ನನ್ನನ್ನು ಅಡುಗೆಮನೆಗೆ ಕರೆದುಕೊಂಡರು.

ಬಾಷಾ ಸಾಬ್ ಮುಳಬಾಗಿಲಿನವರು. ತೆಳ್ಳಗೆ, ಎತ್ತರಕ್ಕೆ ಇದ್ದರು. ಕನ್ನಡ, ತೆಲುಗು, ಉರ್ದು ಮೂರನ್ನೂ ಒಂದೇ ಮಾತಿನಲ್ಲಿ ಆಡುತ್ತಿದ್ದರು. ಅಡುಗೆಮನೆಗೆ ಬೇಕಾದಷ್ಟು ಇಂಗ್ಲಿಷೂ ಬರುತ್ತಿತ್ತು. ಅವರು ನನಗೆ ಒಂದು ವರ್ಷ ಒಲೆ ಮುಟ್ಟಗೊಡಲಿಲ್ಲ. ಹೆಚ್ಚುವುದು, ರುಬ್ಬುವುದು, ಊಟವಾದ ಮೇಲೆ ವಾಪಸು ಬಂದ ತಟ್ಟೆಗಳನ್ನು ನೋಡುವುದು, ಇಷ್ಟೇ. "ಯಾರು ಏನು ಬಿಟ್ರು ನೋಡಮ್ಮ. ಬಾಯಲ್ಲಿ ಚೆನ್ನಾಗಿದೆ ಅಂತಾರೆ, ತಟ್ಟೆ ಸುಳ್ಳು ಹೇಳಲ್ಲ" ಅನ್ನುತ್ತಿದ್ದರು. ಹೊಸದಾಗಿ ಕೆಲಸಕ್ಕೆ ಸೇರುವವರಿಗೆ ನಾನು ಹೇಳುತ್ತಿದ್ದ ಮೊದಲ ಮಾತೂ ಇದೇ.

ಮೊರಿಟಾ ಸಾಹೇಬರ ತಟ್ಟೆ ಬಂದಾಗ ಈ ಮಾತು ಎಷ್ಟು ನಿಜ ಅನ್ನುವುದು ತಿಳಿಯಿತು. ಎಂಬತ್ತರ ದಶಕದ ಆರಂಭದ ಮಾತು. ಮೊಟ್ಟೆಯಲ್ಲೇ ಹುಳುವಿಗೆ ರೋಗ ಹತ್ತದಂತೆ ನೋಡುವುದು ಹೇಗೆ ಎಂದು ಕಲಿಸಲು ಅವರು ಜಪಾನಿನಿಂದ ಬಂದಿದ್ದರು. ಅರವತ್ತರ ಹತ್ತಿರದ ವಯಸ್ಸು, ಸಣ್ಣ ಮೈಕಟ್ಟು, ಯಾವಾಗಲೂ ಇಸ್ತ್ರಿ ಮಾಡಿದ ಅಂಗಿ. ಬಡಿಸಿದ್ದಕ್ಕೆಲ್ಲ ತಲೆ ಬಾಗಿಸಿ "ಗುಡ್, ಗುಡ್" ಅನ್ನುತ್ತಿದ್ದರು. ತಟ್ಟೆ ಮಾತ್ರ ಹೋದಂತೆಯೇ ವಾಪಸು ಬರುತ್ತಿತ್ತು. ಖಾರ ಬಿಟ್ಟು ಮಾಡಿದೆವು. ಎಣ್ಣೆ ಬಿಟ್ಟು ಮಾಡಿದೆವು. ಬಾಷಾ ಸಾಬ್ ಬರೀ ಬೇಯಿಸಿದ ತರಕಾರಿ, ಬ್ರೆಡ್ಡು, ಸೂಪು ಕೊಟ್ಟು ನೋಡಿದರು. ಅನ್ನ ಒಂದನ್ನು ತಿನ್ನುತ್ತಿದ್ದರು, ಅದೂ ಎರಡು ತುತ್ತು.

ಎರಡನೆಯ ತಿಂಗಳಲ್ಲಿ ಒಂದು ಬೆಳಿಗ್ಗೆ ಪಾಠ ಮಾಡುತ್ತಿದ್ದವರು ಹುಳುಮನೆಯಲ್ಲೇ ತಲೆ ಸುತ್ತಿ ಬಿದ್ದರು. ಡಾಕ್ಟರು ನೋಡಿ, ಕಾಯಿಲೆ ಏನೂ ಇಲ್ಲ, ಹೊಟ್ಟೆಗೆ ಬೀಳುತ್ತಿಲ್ಲ ಅಂದರು. ಮ್ಯಾನೇಜರ್ ಅಶ್ವತ್ಥಯ್ಯನವರು ಅಡುಗೆಮನೆಗೆ ಬಂದು ನಿಂತು, "ಈ ಮನುಷ್ಯ ವಾಪಸ್ ಹೋದ್ರೆ ಆ ವಿದ್ಯೇನೂ ಅವರ ಜೊತೇಲೇ ಹೋಗುತ್ತೆ. ಆಮೇಲೆ ನಿಮ್ಮನ್ನೇ ಕೇಳ್ತೀನಿ ನಾನು" ಎಂದರು. ಅವರು ಗಟ್ಟಿಯಾಗಿ ಬೈಯುವವರಲ್ಲ. ಮೆಲ್ಲಗೆ ಹೇಳಿದ್ದರಿಂದ ಇನ್ನೂ ಭಯವಾಯಿತು.

ನಮ್ಮ ಅದೃಷ್ಟಕ್ಕೆ ಆ ವಾರವೇ ಸಾಹೇಬರಿಗೆ ಅವರ ಹೆಂಡತಿ ಕಳಿಸಿದ ಪಾರ್ಸೆಲ್ ಬಂತು. ಕಪ್ಪು ಕಾಗದದ ಹಾಗಿರುವ ಸಮುದ್ರದ ಪಾಚಿ, ಸೋಯಾ ಸಾಸಿನ ಸೀಸೆಗಳು, ಒಂದು ಡಬ್ಬಿಯಲ್ಲಿ ಕೆಂಪಗಿನ ಗಟ್ಟಿ ಹಿಟ್ಟು. ಸಾಹೇಬರು ಅದನ್ನೆಲ್ಲ ಎರಡು ಕೈಯಲ್ಲಿ ಹಿಡಿದುಕೊಂಡು ತಾವೇ ತಂದು ಬಾಷಾ ಸಾಬರಿಗೆ ಒಪ್ಪಿಸಿದರು. ನಾನು ಆಗ ಅಲ್ಲಿರಲಿಲ್ಲ. ಮಾರನೆಯ ದಿನ ಬಾಷಾ ಸಾಬ್ ರಜೆಯಲ್ಲಿ ಊರಿಗೆ ಹೋದರು. ನಾನು ಅಲಮಾರು ಒರೆಸಲು ಹೋಗಿ ಡಬ್ಬಿ ತೆಗೆದೆ. ಹುಳಿ ಬಂದ ವಾಸನೆ. ಕೆಟ್ಟುಹೋಗಿದೆ, ಸಾಹೇಬರಿಗೆ ಯಾರಾದರೂ ಇದನ್ನು ಬಡಿಸಿದರೆ ಏನು ಗತಿ ಎಂದುಕೊಂಡು ತಿಪ್ಪೆಗೆ ಸುರಿದು, ಡಬ್ಬಿಯನ್ನು ಹುಣಸೆಹಣ್ಣು ಹಾಕಿ ಫಳಫಳ ಬೆಳಗಿಟ್ಟೆ.

ಅದು ಮಿಸೊ. ಸೋಯಾ ಕಾಳನ್ನು ವರ್ಷಗಟ್ಟಲೆ ಹುದುಗಿಸಿ ಮಾಡುವ ಹಿಟ್ಟು. ಸಾಹೇಬರ ಹೆಂಡತಿ ಮನೆಯಲ್ಲೇ ಮಾಡಿ ಕಳಿಸಿದ್ದು. ಮಧ್ಯಾಹ್ನ ಸಾಹೇಬರು ಬಂದು ಡಬ್ಬಿ ಕೇಳಿದಾಗ ನಾನು ಹೆಮ್ಮೆಯಿಂದ ಬೆಳಗಿದ ಡಬ್ಬಿ ತೋರಿಸಿದೆ. ಅವರು ಒಳಗೆ ನೋಡಿದರು. ಮುಚ್ಚಳ ಮುಚ್ಚಿದರು. ನನಗೂ ಒಂದು ಸಲ ತಲೆ ಬಾಗಿಸಿ, ಹೊರಗೆ ಹೋಗಿ ಹಿಪ್ಪುನೇರಳೆ ತೋಟದ ಬದುವಿನ ಮೇಲೆ ಒಬ್ಬರೇ ನಡೆದಾಡತೊಡಗಿದರು. ಬೈದಿದ್ದರೆ ಸುಮ್ಮನಾಗುತ್ತಿದ್ದೆನೇನೋ. ಕಿಟಕಿಯಿಂದ ಅವರನ್ನು ನೋಡುತ್ತ ನಾನು ಅತ್ತುಬಿಟ್ಟೆ.

ಆಗ ಒಳಗೆ ಬಂದವಳು ಫೋಲಾಕೆ. ನೈಜೀರಿಯಾದ ಹೆಣ್ಣುಮಗಳು, ಅಲ್ಲಿನ ಕೃಷಿ ಇಲಾಖೆಯವಳು, ರೇಷ್ಮೆ ಕಲಿಯಲು ಒಂದು ವರ್ಷಕ್ಕೆ ಬಂದಿದ್ದಳು. ಎತ್ತರದ ಆಳು, ತಲೆಗೆ ಬಣ್ಣದ ಬಟ್ಟೆ ಸುತ್ತುತ್ತಿದ್ದಳು, ನಕ್ಕರೆ ಪಾತ್ರೆಗಳೂ ನಗುತ್ತಿದ್ದವು. ಖಾರಕ್ಕೆ ಹೆದರುವವಳಲ್ಲ, ನಮ್ಮ ಮುದ್ದೆಯನ್ನು ನೋಡಿ "ನಮ್ಮೂರಲ್ಲೂ ಇದೆ" ಎಂದು ಮೊದಲ ದಿನವೇ ನುಂಗಿ ತೋರಿಸಿದ್ದಳು. ಆರು ತಿಂಗಳಲ್ಲಿ ನಮ್ಮ ಮಾತನ್ನೂ ಅಷ್ಟಿಷ್ಟು ಕಲಿತಿದ್ದಳು.

"ಯಾಕೆ ಅಳು, ರತ್ನಮ್ಮಕ್ಕ?" ಅಂದಳು. ಕೈಸನ್ನೆಯಲ್ಲಿ, ಅರ್ಧ ಮಾತಿನಲ್ಲಿ ಹೇಳಿದೆ. ಖಾಲಿ ಡಬ್ಬಿಯನ್ನು ಮೂಗಿಗೆ ಹಿಡಿದಳು. ಅದರಲ್ಲಿದ್ದದ್ದು ಏನು ಎಂದು ಸಾಹೇಬರು ಅವಳಿಗೆ ಇಂಗ್ಲಿಷಿನಲ್ಲಿ ಮೊದಲೇ ಹೇಳಿದ್ದರಂತೆ. ಸ್ವಲ್ಪ ಯೋಚಿಸಿ ರೂಮಿಗೆ ಓಡಿಹೋಗಿ ಒಂದು ತಗಡಿನ ಡಬ್ಬಿ ತಂದಳು. ಒಳಗೆ ಕಪ್ಪಗಿನ ಒಣ ಬಿಲ್ಲೆಗಳು. ಮುಚ್ಚಳ ತೆಗೆದದ್ದೇ ಅಡುಗೆಮನೆ ತುಂಬಾ ವಾಸನೆ. ನನ್ನ ಅಳು ಅಲ್ಲಿಗೆ ನಿಂತಿತು.

ಸಂಜೆ ಬಸ್ಸಿಳಿದು ಬಂದ ಬಾಷಾ ಸಾಬ್ ಬಾಗಿಲಲ್ಲೇ ನಿಂತರು. "ಯಾ ಅಲ್ಲಾ, ಎಲ್ಲಮ್ಮಾ ಇಲಿ ಸತ್ತಿರೋದು?"

"ಇಲಿ ಅಲ್ಲ ಸಾಬ್ರೇ. ಇದರ ಹೆಸರು ಇರು ಅಂತೆ."

"ಇರು ಅಂತ ಅದು ಹೇಳುತ್ತೆ. ಇರೋಕೆ ಆಗ್ಬೇಕಲ್ಲಾ ನಮಗೆ!"

ಇರು ಅಂದರೆ ಅವರ ಕಡೆಯ ಒಂದು ಮರದ ಬೀಜ. ಬೇಯಿಸಿ, ಸಿಪ್ಪೆ ತೆಗೆದು, ಮುಚ್ಚಿಟ್ಟು ಹುದುಗಿಸುತ್ತಾರೆ. ಸಾರಿಗೆ ಚಿಟಿಕೆ ಹಾಕಿದರೆ ರುಚಿ ಏಳುತ್ತದೆ ಎಂದು ಫೋಲಾಕೆ ಹೇಳಿದಳು. ಅವಳ ಲೆಕ್ಕ ಸರಳವಾಗಿತ್ತು. ಅವರ ಮಿಸೊ ಹುದುಗಿದ ಕಾಳು, ಇದೂ ಹುದುಗಿದ ಕಾಳು. ಒಂದು ಬಿಲ್ಲೆಯನ್ನು ಬಿಸಿನೀರಿನಲ್ಲಿ ಕರಗಿಸಿ, ಶುಂಠಿ ತುರಿದು, ಹುರಿದ ಕಡಲೆಕಾಯಿ ಅರೆದು ಹಾಕಿ, ಸಾಹೇಬರದೇ ಸೋಯಾ ಸಾಸ್ ನಾಲ್ಕು ಹನಿ ಬಿಟ್ಟಳು. ನಾನು ನಾಲಿಗೆಗೆ ಹಚ್ಚಿ ನೋಡಿದೆ. ವಾಸನೆ ಇದ್ದಷ್ಟು ಇತ್ತು, ಆದರೆ ರುಚಿ ಬೇರೆಯೇ. ನಾಲಿಗೆ ಇನ್ನೊಂದು ಸಲ ಕೇಳಿತು.

ಅದನ್ನು ಬರೀ ಬಟ್ಟಲಲ್ಲಿ ಕೊಡುವುದು ಹೇಗೆ? ಜೊತೆಗೆ ಏನಾದರೂ ಸಣ್ಣದು ಬೇಕು. ಫೋಲಾಕೆ ನಮ್ಮ ಉಗ್ರಾಣದಲ್ಲಿ ಅಲಸಂದೆ ಕಾಳು ನೋಡಿ ಚಪ್ಪಾಳೆ ತಟ್ಟಿದಳು. ಅವರ ದೇಶದಲ್ಲಿ ಬೆಳಗಿನ ತಿಂಡಿ ಅಕಾರಾ ಅಂತ, ಅಲಸಂದೆಯದೇ. ನಾವು ಅಲಸಂದೆ ವಡೆ ಮಾಡುವುದಿಲ್ಲವೇ? ಆದರೆ ನಾವು ತರಿತರಿಯಾಗಿ ರುಬ್ಬುತ್ತೇವೆ, ಅವರು ಸಿಪ್ಪೆ ಪೂರಾ ಉಜ್ಜಿ ತೆಗೆದು ಬೆಣ್ಣೆಯಂತೆ ರುಬ್ಬುತ್ತಾರೆ. ರುಬ್ಬಿದ ಮೇಲೆ ಕೈಯಿಂದ ಬಡಿಯಬೇಕು. ಗಾಳಿ ತುಂಬಿ ಹಿಟ್ಟು ಬಿಳಿಯಾಗಿ ಉಬ್ಬುವವರೆಗೂ ಬಡಿಯಬೇಕು. ತೋಳು ಬಿದ್ದುಹೋಗುತ್ತದೆ.

ಎಣ್ಣೆಯಲ್ಲಿ ಕರಿದರೆ ಸಾಹೇಬರು ಮುಟ್ಟುವುದಿಲ್ಲ. ಹಾಗಾಗಿ ನಾನು ಪಡ್ಡು ಮಾಡುವ ಗುಳಿಕಾವಲಿ ಇಟ್ಟೆ. ನಮ್ಮ ಕಡೆ ಆ ತಿಂಡಿಗೆ ಗುಂತಪೊಂಗನಾಲು ಅನ್ನುವವರೇ ಹೆಚ್ಚು. ಗುಳಿಗೆ ಒಂದೊಂದು ಹನಿ ಎಣ್ಣೆ. ಮೊದಲ ಸರದಿ ಪೂರಾ ತಳ ಹಿಡಿಯಿತು. ಎರಡನೆಯದು ಒಳಗೆ ಹಸಿ. ಮೂರನೆಯದನ್ನು ಹಾಕುತ್ತಿದ್ದಾಗ ಸಾಹೇಬರೇ ನೀರು ಕೇಳಲು ಬಂದವರು ಕಾವಲಿ ನೋಡಿ ಬಾಗಿಲಲ್ಲೇ ನಿಂತರು. "ತಾಕೊಯಾಕಿ!" ಎಂದು ಕೂಗಿದರು. ಅಷ್ಟು ಗಟ್ಟಿಯಾಗಿ ಅವರು ಮಾತಾಡಿದ್ದನ್ನು ನಾವು ಕೇಳಿರಲೇ ಇಲ್ಲ. ಅವರ ದೇಶದಲ್ಲೂ ಇಂಥದೇ ಕಾವಲಿಯಲ್ಲಿ ಆ ಹೆಸರಿನ ಉಂಡೆ ಸುಡುತ್ತಾರಂತೆ. ಅಂಗಿಯ ತೋಳು ಮಡಿಸಿ, ನನ್ನ ಕೈಯಿಂದ ಕಡ್ಡಿ ತೆಗೆದುಕೊಂಡು, ಹಿಟ್ಟು ಅರ್ಧ ಗಟ್ಟಿಯಾದಾಗಲೇ ಕಾಲು ಸುತ್ತು, ಮತ್ತೆ ಕಾಲು ಸುತ್ತು ತಿರುಗಿಸಿ ತೋರಿಸಿದರು. ನಾವು ಒಂದೇ ಸಲ ಮಗುಚಿ ಹಾಕುತ್ತಿದ್ದೆವು. ಅವರು ತಿರುಗಿಸಿದ್ದು ಗೋಲಿಯಂತೆ ಗುಂಡಗೆ ಬಂತು. ಹೊರಗೆ ಗರಿ, ಒಳಗೆ ಮೆತ್ತಗೆ.

ಇರುವಿನ ಚಟ್ನಿಯಲ್ಲಿ ಅದ್ದಿ ಬಾಯಿಗಿಟ್ಟುಕೊಂಡರು. ಕಣ್ಣು ಮುಚ್ಚಿದರು. ನಾವು ಮೂವರೂ ಉಸಿರು ಹಿಡಿದು ನಿಂತಿದ್ದೆವು. ಆಮೇಲೆ ಫೋಲಾಕೆಗೆ ಇಂಗ್ಲಿಷಿನಲ್ಲಿ ಏನೋ ಹೇಳಿದರು. ಚಿಕ್ಕಂದಿನಲ್ಲಿ ಅವರ ಊರಿನಲ್ಲಿ ಸೋಯಾ ಕಾಳನ್ನು ಹುಲ್ಲಿನಲ್ಲಿ ಸುತ್ತಿ ಹುದುಗಿಸುತ್ತಿದ್ದರಂತೆ, ಅದರ ವಾಸನೆ ಇಲ್ಲಿ ಸಿಕ್ಕಿತು ಅಂದರಂತೆ. ಹನ್ನೊಂದು ಉಂಡೆ ತಿಂದರು. ನಾನು ಮಿಸೊ ಚೆಲ್ಲಿದ್ದಕ್ಕೆ ಕೈಮುಗಿದೆ. "ರತ್ನಮ್ಮ ಸಾನ್, ಡಬ್ಬಿ ವೆರಿ ಕ್ಲೀನ್" ಎಂದು ನಕ್ಕರು.

ಅಲ್ಲಿಂದ ದಾರಿ ಸಿಕ್ಕಿತು. ಊಟಕ್ಕೆ ಮೊದಲು ಒಂದು ಸಣ್ಣ ತಟ್ಟೆ, ಇಬ್ಬರಿಗೂ ಒಂದೇ. ಅದು ಹೊಟ್ಟೆಗೆ ಬಿದ್ದರೆ ಸಾಹೇಬರಿಗೆ ಹಸಿವು ಏಳುತ್ತಿತ್ತು, ಆಮೇಲೆ ಅನ್ನ, ತೊವ್ವೆಯೂ ಹೋಗುತ್ತಿತ್ತು. ನೈಜೀರಿಯಾದಲ್ಲಿ ಮಾಂಸದ ತುಂಡುಗಳಿಗೆ ಕಡಲೆಕಾಯಿ ಪುಡಿ, ಶುಂಠಿ, ಮೆಣಸಿನಪುಡಿ ಹಚ್ಚಿ ಕಡ್ಡಿಗೆ ಚುಚ್ಚಿ ಸುಡುತ್ತಾರೆ. ಜಪಾನಿನವರು ಕೋಳಿಯನ್ನು ಕಡ್ಡಿಗೆ ಚುಚ್ಚಿ, ಸೋಯಾ ಸಾಸ್, ಸಕ್ಕರೆ ಸವರಿ ಸುಡುತ್ತಾರೆ. ನಾವು ಸೋಯಾ ಸವರಿ ಸುಟ್ಟು, ಇಳಿಸುವ ಮೊದಲು ಕಡಲೆಕಾಯಿ ಪುಡಿಯಲ್ಲಿ ಹೊರಳಿಸಿದೆವು. ಕಡ್ಡಿಗೇನು ಮಾಡುವುದು? ತೋಟದಲ್ಲಿ ಸೊಪ್ಪು ಬಿಡಿಸಿದ ಹಿಪ್ಪುನೇರಳೆ ಕಡ್ಡಿ ರಾಶಿ ಬಿದ್ದಿರುತ್ತಿತ್ತು, ತೊಗಟೆ ಸುಲಿದು ಚೂಪು ಮಾಡಿದೆವು. ಒಲೆಗೆ ಬಾಷಾ ಸಾಬ್ ಮಾಲೂರಿನ ಹೆಂಚು ಎರಡನ್ನು ಎದುರುಬದುರು ನಿಲ್ಲಿಸಿ ನಡುವೆ ಕೆಂಡ ಹರಡಿದರು. ಶ್ರೀನಿವಾಸಪುರದ ಮಾವಿನ ಮಿಡಿ ಉಪ್ಪಿನಲ್ಲಿ ನೆನೆಸಿದ್ದನ್ನು ಸಾಹೇಬರು ಒಂದು ದಿನ ಕಂಡುಹಿಡಿದರು. ಆಮೇಲೆ ಅದನ್ನು ಹೆಚ್ಚಿ, ಮುದ್ದೆಯಾಗಿ ಒತ್ತಿದ ಅನ್ನದೊಳಗೆ ಇಟ್ಟು, ಮೇಲೆ ಪಾಚಿ ಸುತ್ತಿ, ಪಕ್ಕಕ್ಕೆ ಫೋಲಾಕೆಯ ಕೆಂಪು ಮೆಣಸಿನ ಗೊಜ್ಜು ಇಡುವುದು ಶುರುವಾಯಿತು.

ಎಲ್ಲವೂ ಸರಿಯಾಯಿತು ಅನ್ನಬೇಡಿ. ಬಾಳೆಕಾಯಿಗೆ ಇರು ಸವರಿ ಸುಟ್ಟದ್ದನ್ನು ನಾಯಿಯೂ ಮೂಸಲಿಲ್ಲ. ಆ ವರ್ಷವೇ ಅಡುಗೆಮನೆಗೆ ಮಿಕ್ಸಿ ಬಂತು. ನನಗೆ ಖುಷಿಯೋ ಖುಷಿ, ಒರಳಿನ ಕಾಟ ತಪ್ಪಿತು ಅಂತ. ಆದರೆ ಮಿಕ್ಸಿಯಲ್ಲಿ ತಿರುಗಿದ ಹಿಟ್ಟು ಬಿಸಿಯಾಗಿ, ಉಂಡೆ ಕಲ್ಲಾಗುತ್ತಿತ್ತು. ಕೊನೆಗೆ ತಣ್ಣೀರು ಹಾಕಿ, ನಿಲ್ಲಿಸಿ ನಿಲ್ಲಿಸಿ ತಿರುಗಿಸುವುದು, ಬಡಿಯುವುದು ಮಾತ್ರ ಕೈಯಲ್ಲೇ ಎಂದಾಯಿತು. ಯಂತ್ರ ಬಂದರೆ ಬೇಡ ಅನ್ನಬೇಡಿ. ಯಾವ ಭಾಗ ಅದಕ್ಕೆ ಬಿಡಬೇಕು, ಯಾವುದನ್ನು ಕೈಯಲ್ಲೇ ಇಟ್ಟುಕೊಳ್ಳಬೇಕು ಅನ್ನುವುದನ್ನು ಕೆಟ್ಟ ಮೇಲಾದರೂ ಕಲಿಯಿರಿ.

ಅಕಾರಾದೊಳಗೆ ಬೇಯಿಸಿದ ಮೊಟ್ಟೆಯ ಬಿಳಿ ತುಂಡೊಂದನ್ನು ಅಡಗಿಸುವುದು ಫೋಲಾಕೆಯ ಉಪಾಯ. ಅದೇ ನಮಗೆ ತಿರುಗಿಬಿತ್ತು.

ದೆಹಲಿಯಿಂದ ಅಧಿಕಾರಿಗಳು ಬಂದ ದಿನ ಮ್ಯಾನೇಜರು ಸಂಜೆ ಚಹಾಕ್ಕೆ ಕಟ್ಲೆಟ್ ಅಂದಿದ್ದರು. ಮೊರಿಟಾ ಸಾಹೇಬರು ನಮ್ಮ ಉಂಡೆಯೇ ಆಗಲಿ ಅಂದರು. ಕಚೇರಿಯವರು ಅದಕ್ಕೆ ಅಷ್ಟರಲ್ಲಿ ಫಾರಿನ್ ಬೋಂಡ ಎಂದು ಹೆಸರಿಟ್ಟಿದ್ದರು. ಬಂದವರಲ್ಲಿ ಒಬ್ಬರು ಉಂಡೆ ಮುರಿದು, ಒಳಗಿನ ಬಿಳಿ ತುಂಡು ನೋಡಿ, "ಇದೇನಿದು, ರೇಷ್ಮೆ ಹುಳುವೇ?" ಎಂದು ಕೇಳಿದರು. ತಮಾಷೆಗೆ ಕೇಳಿದರೋ ಏನೋ. ಮೊರಿಟಾ ಸಾಹೇಬರಿಗೆ ಪ್ರಶ್ನೆ ಅರ್ಧ ಅರ್ಥವಾಯಿತು. ಗೂಡಿನೊಳಗಿನ ಹುಳುವನ್ನು ತಮ್ಮ ದೇಶದಲ್ಲಿ ಬೇಯಿಸಿ ತಿನ್ನುತ್ತಾರೆ, ಬಹಳ ಒಳ್ಳೆಯದು ಎಂದು ನಗುತ್ತ ವಿವರಿಸಿಬಿಟ್ಟರು.

ತಟ್ಟೆಗಳು ಒಂದೊಂದಾಗಿ ಮೇಜಿನ ಮೇಲೆ ಕೂತವು. ಬಾಷಾ ಸಾಬ್ ಮುಂದೆ ಹೋಗಿ, "ಸಾರ್, ಕೋಳಿ ಮೊಟ್ಟೆ ಸಾರ್, ಖುದಾ ಕಸಂ" ಎಂದು ಎಲ್ಲರೆದುರು ಒಂದನ್ನು ಬಾಯಿಗೆ ಹಾಕಿಕೊಂಡರು. ಯಾರೂ ಕೈ ಚಾಚಲಿಲ್ಲ. ಮ್ಯಾನೇಜರ ಮುಖ ಸುಣ್ಣ ಬಳಿದಂತಾಗಿತ್ತು. "ನಾಳೆಯಿಂದ ಅದು ಈ ಮನೇಲಿ ಆಗಕೂಡದು" ಎಂದರು, ಮೆಲ್ಲಗೆ.

ನಾನು ಬಸ್ಸಿನಲ್ಲಿ ಹುತ್ತೂರು ಮುಟ್ಟುವ ಹೊತ್ತಿಗೆ ಸುದ್ದಿ ನನಗಿಂತ ಮೊದಲೇ ಇಳಿದಿತ್ತು. ಅತ್ತೆ ಹಜಾರದಲ್ಲಿ ಸೆರಗು ಬಿಗಿದು ಕೂತಿದ್ದರು. ಸಿಟ್ಟು ಬಂದರೆ ಅವರಿಗೆ ತೆಲುಗು ಬರುತ್ತಿತ್ತು. "ಏಮೇ ರತ್ನಾ! ಹುಳ ಬೇಯ್ಸಿ ಇಕ್ತೀಯಂತೆ? ವದ್ದಮ್ಮಾ, ಆ ಕೈಲಿ ನನಗೆ ಇಕ್ಕಬ್ಯಾಡ."

"ಅತ್ತೆ, ಅದು ಮೊಟ್ಟೆ. ದೇವರಾಣೆ."

"ನಾವು ಲಕ್ಷ್ಮಿ ಅಂತ ಸಾಕೋ ಹುಳ ಕಣೇ ಅದು!"

ಗಂಡ ಇಬ್ಬರ ನಡುವೆ ಸಿಕ್ಕಿ, ತೋಟಕ್ಕೆ ನೀರು ಕಟ್ಟುವ ನೆಪದಲ್ಲಿ ಎದ್ದುಹೋದರು. ಅತ್ತೆ ಹಿತ್ತಲಲ್ಲಿ ಮೂರು ಕಲ್ಲಿಟ್ಟು ತಮ್ಮ ಮುದ್ದೆ ತಾವೇ ಬೇಯಿಸಿಕೊಳ್ಳತೊಡಗಿದರು. ಮಂಡಿ ನೋವಿನವರು, ಹೊಗೆಯಲ್ಲಿ ಕೂತು ಕೆಮ್ಮುವುದನ್ನು ಕೇಳುತ್ತ ನನಗೂ ಅನ್ನ ಇಳಿಯುತ್ತಿರಲಿಲ್ಲ. ಕೆಲಸ ಬಿಟ್ಟುಬಿಡೋಣ ಎಂದು ನಿಜವಾಗಿ ಅಂದುಕೊಂಡದ್ದು ಇಪ್ಪತ್ತಾರು ವರ್ಷದಲ್ಲಿ ಆ ಒಂದು ವಾರ ಮಾತ್ರ.

ಫೋಲಾಕೆಗೆ ಹೇಳಿದೆ. ಅವಳು ಕೇಳಿದ್ದು ಒಂದೇ ಮಾತು. "ನಿಮ್ಮ ಹೊಲದಲ್ಲಿ ಅಲಸಂದೆ ಉಂಟಾ?"

ಭಾನುವಾರ ಬೆಳಿಗ್ಗೆ ಬಸ್ಸಿಳಿದು ಬಂದಳು. ಊರಿನ ಅರ್ಧ ಜನ ಅವಳ ಹಿಂದೆ. ಅವಳು ನೇರ ಹೋಗಿ ಅತ್ತೆಯ ಮುಂದೆ ಎರಡೂ ಮಂಡಿ ಊರಿ ತಲೆ ಬಾಗಿಸಿದಳು. ಅವರ ದೇಶದಲ್ಲಿ ಹೆಣ್ಣುಮಕ್ಕಳು ಹಿರಿಯರಿಗೆ ನಮಸ್ಕಾರ ಮಾಡುವುದೇ ಹಾಗಂತೆ. ಅತ್ತೆ ಗಲಿಬಿಲಿಯಾಗಿ, "ಲೇ ಲೇ, ಎದ್ದೇಳಮ್ಮಾ ತಲ್ಲಿ" ಎಂದು ತೋಳು ಹಿಡಿದು ಎಬ್ಬಿಸಿದರು. ಫೋಲಾಕೆ ನಮ್ಮ ಹೊಲದ ಅಲಸಂದೆಯನ್ನು ನಮ್ಮ ಅಂಗಳದ ಒರಳಿನಲ್ಲೇ ರುಬ್ಬಿದಳು. ಅತ್ತೆ ದೂರ ಕೂತೇ ನೋಡುತ್ತಿದ್ದವರು, ಹಿಟ್ಟು ಬಡಿಯುವಾಗ ತಡೆಯಲಾರದೆ, "ಹಂಗಲ್ಲಮ್ಮಾ, ಒಂದೇ ಕಡೆಗೆ ತಿರುವು" ಎಂದು ತಾವೇ ಕೈ ಹಾಕಿದರು. ಅತ್ತೆ ಮೊಟ್ಟೆ ಮುಟ್ಟುತ್ತಿರಲಿಲ್ಲ, ಅವರ ಪಾಲಿಗೆ ತೆಂಗಿನಕಾಯಿ ಚೂರು ಹಾಕಿದೆವು. ಬಿಸಿಯಾಗಿದ್ದ ಮೊದಲ ಉಂಡೆಯನ್ನು ಮುರಿದು, ಬೆಳಕಿಗೆ ಹಿಡಿದು, ಒಳಗೆಲ್ಲ ನೋಡಿ ಬಾಯಿಗೆ ಹಾಕಿಕೊಂಡರು.

"ನಮ್ಮ ವಡೇನೇ. ಸ್ವಲ್ಪ ಮೆತ್ತಗಿದೆ ಅಷ್ಟೆ" ಎಂದರು. ಸುತ್ತ ನಿಂತವರ ಕಡೆ ತಿರುಗಿ, "ಹುಳ ಅಂತ ಯಾವನ್ಲಾ ಅಂದಿದ್ದು? ಬಂದು ತಿನ್ನಲಿ ಇಲ್ಲಿ" ಎಂದು ಕೂಗಿದರು. ಅವರೂ ಆ ಮಾತು ನಂಬಿದ್ದರು ಅನ್ನುವುದನ್ನು ನಾನು ನೆನಪಿಸಲಿಲ್ಲ. ಮಧ್ಯಾಹ್ನ ನಾನೇ ಬಡಿಸಿದೆ, ಉಂಡರು.

ಮುಂದಿನ ತಿಂಗಳು ನಮ್ಮೂರ ಕಡೆಯ ರೈತರು ತರಬೇತಿಗೆಂದು ಕೇಂದ್ರಕ್ಕೆ ಬಂದಾಗ ಮ್ಯಾನೇಜರ ಎದುರೇ, "ಸಾರ್, ಆ ಫಾರಿನ್ ಬೋಂಡ ಇಲ್ವಾ?" ಎಂದು ಕೇಳಿದರು. ಅಶ್ವತ್ಥಯ್ಯನವರು ಅಡುಗೆಮನೆಗೆ ಬಂದು, ಕಿಟಕಿಯಾಚೆ ನೋಡುತ್ತ, "ಮಾಡ್ರಪ್ಪ. ಮೊಟ್ಟೆ ಮಾತ್ರ ಬೇಡ" ಎಂದರು. ಅವತ್ತಿನಿಂದ ಒಳಗೆ ತೆಂಗಿನಕಾಯಿ ಚೂರೇ ಖಾಯಂ ಆಯಿತು. ನನ್ನನ್ನು ಕೇಳಿದರೆ ರುಚಿಯೂ ಅದರದೇ ಹೆಚ್ಚು.

ಮೊರಿಟಾ ಸಾಹೇಬರು ಎರಡು ವರ್ಷದ ಅವಧಿ ಪೂರ್ತಿ ಇದ್ದರು. ಫೋಲಾಕೆಗೂ ಮೇಲಿನ ತರಬೇತಿಗೆಂದು ಇನ್ನೂ ಒಂದು ವರ್ಷದ ಮೇಲೆ ಸಿಕ್ಕಿತು. ಇಬ್ಬರೂ ಹೊರಡುವ ವಾರ ಹೆಚ್ಚುಕಡಿಮೆ ಒಂದೇ ಆಯಿತು. ಸಾಹೇಬರ ಕೊನೆಯ ದಿನ ನಾನೂ ಬಾಷಾ ಸಾಬರೂ ಬೆಳಿಗ್ಗೆ ಅಡುಗೆಮನೆಗೆ ಹೋದರೆ ಒಳಗಿನಿಂದ ಚಿಲಕ ಹಾಕಿತ್ತು. "ಟುಡೇ ನೋ ಎಂಟ್ರಿ" ಎಂದು ಫೋಲಾಕೆ ಒಳಗಿನಿಂದ ಕೂಗಿದಳು.

ಮಧ್ಯಾಹ್ನ ನಮ್ಮಿಬ್ಬರನ್ನೂ ಕರೆದು ಅತಿಥಿಗಳ ಮೇಜಿನಲ್ಲಿ ಕೂರಿಸಿದರು. ಆ ಕುರ್ಚಿಗಳನ್ನು ನಾನು ದಿನವೂ ಒರೆಸುತ್ತಿದ್ದೆ, ಒಮ್ಮೆಯೂ ಕೂತಿರಲಿಲ್ಲ. ಕೈ ಎಲ್ಲಿ ಇಡಬೇಕೋ ತಿಳಿಯಲಿಲ್ಲ. ಬಾಷಾ ಸಾಬ್ ಟೋಪಿ ಸರಿಮಾಡಿಕೊಳ್ಳುತ್ತಲೇ ಇದ್ದರು. ಸಾಹೇಬರು ಸೊಂಟಕ್ಕೆ ಟವೆಲ್ ಸುತ್ತಿಕೊಂಡು ಎರಡು ಕೈಯಲ್ಲಿ ತಟ್ಟೆ ತಂದರು. ಉಂಡೆ, ಕಡ್ಡಿಯ ಕೋಳಿ, ಅನ್ನದ ಮುದ್ದೆ, ಗೊಜ್ಜು. ಅಷ್ಟರಲ್ಲಿ ಮ್ಯಾನೇಜರು ಒಳಗೆ ಬಂದರು. ನಾನು ಗಾಬರಿಯಿಂದ ಎದ್ದೆ.

"ಕೂತ್ಕೊಳಮ್ಮ, ಕೂತ್ಕೊ" ಎಂದು ಅವರೂ ಒಂದು ಕುರ್ಚಿ ಎಳೆದುಕೊಂಡರು. "ನನಗೂ ಒಂದು ತಟ್ಟೆ ಉಂಟಾ?"

ನಾನು ಒಂದು ಉಂಡೆ ಬಾಯಿಗೆ ಹಾಕಿಕೊಂಡೆ. ಸಾಹೇಬರೂ ಫೋಲಾಕೆಯೂ ಅಕ್ಕಪಕ್ಕ ನಿಂತು ನನ್ನ ಮುಖವನ್ನೇ ನೋಡುತ್ತಿದ್ದರು. "ಹೇಗಿದೆ, ರತ್ನಮ್ಮಕ್ಕ?" ಎಂದಳು. ಚೆನ್ನಾಗಿದೆ ಅನ್ನಬಹುದಿತ್ತು. ಎರಡು ವರ್ಷ ಒಟ್ಟಿಗೆ ಅಡುಗೆ ಮಾಡಿದವರಿಗೆ ಹಾಗೆ ಹೇಳಲು ಮನಸ್ಸು ಬರಲಿಲ್ಲ.

"ಉಪ್ಪು ಒಂಚೂರು ಜಾಸ್ತಿ ಆಯ್ತು" ಅಂದೆ.

ಫೋಲಾಕೆ ಅದನ್ನು ಇಂಗ್ಲಿಷಿನಲ್ಲಿ ಹೇಳಿದಳು. ಮೊರಿಟಾ ಸಾಹೇಬರು ಸೊಂಟದವರೆಗೂ ಬಾಗಿ, "ಥ್ಯಾಂಕ್ ಯೂ, ಟೀಚರ್" ಅಂದರು. ನಾನು ತಲೆ ತಗ್ಗಿಸಿಕೊಂಡು ಇನ್ನೊಂದು ಉಂಡೆಗೆ ಕೈ ಹಾಕಿದೆ.